ಸೈಕಲ್‌ಗೂ ಚಾರಣಕ್ಕೂ ಒಂದೇ ಪಾಂಚೊ

ನಮಸ್ಕಾರ. ತೀರ್ಥಹಳ್ಳಿಯ ಮಳೆಗಾಲದಲ್ಲಿ ದಿನವೂ ಸೈಕಲ್ಲಿನಲ್ಲಿ ಶಾಲೆಗೆ ಹೋಗಿಬರಲು, ರಜೆಯಲ್ಲಿ ಚಾರಣಕ್ಕೂ ಒದಗಲು ಎಂಥ ಪಾಂಚೊ (ತಲೆಯ ಮೇಲಿಂದ ಹಾಕಿಕೊಳ್ಳುವ, ಟೊಪ್ಪಿಗೆಯಿರುವ ಸಡಿಲ ಮಳೆಹೊದಿಕೆ) ಕೊಳ್ಳಬೇಕೆಂದು ತಾವು ಕೇಳಿದ್ದೀರಿ.

ಮೊದಲು ಹೊಲಿಗೆಯನ್ನು ನೋಡಿ. ಬಟ್ಟೆ ಎಷ್ಟೇ ಗಟ್ಟಿಯಾಗಿದ್ದರೂ ಸೂಜಿ ಚುಚ್ಚಿದ ಸಾಲಿನಲ್ಲಿ ನೀರು ಜಿನುಗುವುದರಿಂದ, ಒಳಮೈಯನ್ನು ಹೊರಳಿಸಿ, ಮುಖ್ಯವಾಗಿ ಟೊಪ್ಪಿಗೆಯು ಕುತ್ತಿಗೆಯ ಭಾಗಕ್ಕೆ ಕೂಡುವಲ್ಲಿ, ಹೊಲಿಗೆ ಮುಚ್ಚುವ ಟೇಪ್ ಬಿಡದೆ ಅಂಟಿದೆಯೇ ಎಂದು ಬೆರಳಾಡಿಸಿ ಖಚಿತಪಡಿಸಿಕೊಳ್ಳಿ. ನೀರು ತಡೆಯುವ ಶಕ್ತಿಯನ್ನು, ಅಂದರೆ ಎಷ್ಟು ಎತ್ತರದ ನೀರಿನ ಒತ್ತಡದವರೆಗೆ ಬಟ್ಟೆ ಸೋರದೆಂಬುದನ್ನು, ಮಿಲಿಮೀಟರಿನಲ್ಲಿ ನಮೂದಿಸಿರುತ್ತಾರೆ. 1,500 ಹಗುರ ಮಳೆಗೆ ಸಾಕಾದೀತು, ಆದರೆ ಮಲೆನಾಡಿನ ಜಡಿಮಳೆಗೆ 5,000ಕ್ಕಿಂತ ಕಡಿಮೆಯದನ್ನು ನಾನು ಸೂಚಿಸಲಾರೆ.

ಸೈಕಲ್‌ಗೆಂದೇ ಹೊಲಿದ ಪಾಂಚೊದ ಮುಂಭಾಗ ಹ್ಯಾಂಡಲ್ಲಿನ ಮೇಲೆ ಚಪ್ಪರದಂತೆ ಹರಡಿಕೊಳ್ಳುತ್ತದೆ. ಅದನ್ನು ಬಿಗಿಯಾಗಿ ಹಿಡಿಯಲು ಒಳಗಡೆ ಹೆಬ್ಬೆರಳಿನ ಕುಣಿಕೆಗಳೂ ಸೊಂಟದ ಪಟ್ಟಿಯೂ ಇರಬೇಕು, ಇಲ್ಲವಾದರೆ ಎದುರುಗಾಳಿಗೆ ಹಾಯಿಯಂತೆ ಉಬ್ಬಿ ಸೈಕಲ್ಲನ್ನೇ ಎಳೆದಾಡುತ್ತದೆ. ಹಿಂದಿನ ಅಂಚು ಚಕ್ರದ ಕಡ್ಡಿಗೆ ಸಿಗದಂತಿರಲಿ. ಹ್ಯಾಂಡಲ್ಲಿನ ದೀಪ ಮುಚ್ಚಿಹೋಗುವುದರಿಂದ ಇನ್ನೊಂದನ್ನು ಮುಂದಿನ ಚಕ್ರವನ್ನು ಹಿಡಿದಿರುವ ಫೋರ್ಕಿಗೆ ಕಟ್ಟಿಕೊಳ್ಳಿ. ಮಡ್‌ಗಾರ್ಡ್ ಇಲ್ಲದಿದ್ದರೆ ಕೆಳಗಿನಿಂದ ಚಿಮ್ಮುವ ಕೆಸರುನೀರನ್ನು ಯಾವ ಪಾಂಚೊವೂ ತಡೆಯದು.

ಚಾರಣದಲ್ಲಿ ಇದರ ದೊಡ್ಡ ಗುಣವೆಂದರೆ ಗಾಳಿಯಾಟ. ನಮ್ಮ ಹಿರಿಯರು ನಾಟಿಗದ್ದೆಯಲ್ಲಿ ಹೊದೆಯುತ್ತಿದ್ದ ಗೊರಬಿನಂತೆ ಕೆಳಗೆ ತೆರೆದಿರುವುದರಿಂದ ಬೆವರು ಒಳಗೇ ನಿಲ್ಲುವುದಿಲ್ಲ; ಅಳತೆ ದೊಡ್ಡದಿದ್ದರೆ ಬೆನ್ನಚೀಲವೂ ಒದ್ದೆಯಾಗದು. ಆದರೆ ಕೊಡಚಾದ್ರಿಯಂಥ ಬಯಲು ನೆತ್ತಿಯಲ್ಲಿ, ಬೀಸುಮಳೆಯಲ್ಲಿ, ದಯವಿಟ್ಟು ಅದನ್ನೇ ನಂಬಬೇಡಿ. ಅಲ್ಲಿಗೆ ಮೈಗೊಪ್ಪುವ ಮಳೆ ಜಾಕೆಟ್ಟೇ ಸರಿ.