ದಿವಾಳಿಯಾದವನಿಗೆ ಊರು ಕೊಡಬಹುದೇ?

ಪ್ರಶ್ನೆ: ನಮ್ಮ ವಾರ್ಡಿನಲ್ಲಿ ಪಂಚಾಯತು ಚುನಾವಣೆಗೆ ನಿಂತವರೊಬ್ಬರು ಹಿಂದೆ ಜೀನಸು ಅಂಗಡಿ ಇಟ್ಟು ಕೈಸುಟ್ಟುಕೊಂಡವರು. 'ಅಂಗಡಿ ನಡೆಸಲಾಗದವ ಊರು ನಡೆಸುತ್ತಾನಾ?' ಎಂದು ಪೇಟೆಯಲ್ಲೆಲ್ಲ ನಗೆ. ಚರಿತ್ರೆಯಲ್ಲಿ ಇಂಥವರು ಯಾರಾದರೂ ಇದ್ದಾರೆಯೇ?
– ಓದುಗರೊಬ್ಬರು, ಬದಿಯಡ್ಕ

ಉತ್ತರ: ಇದ್ದಾರೆ. ಅಮೆರಿಕದಲ್ಲಿ ಆಗ ಬ್ರಿಟಿಷ್ ವಸಾಹತಾಗಿದ್ದ ಕನೆಕ್ಟಿಕಟ್‌ನ ಜೊನಾಥನ್ ಟ್ರಂಬುಲ್. ನಗುವವರಿಗೆ ಈ ಕಥೆ ಹೇಳಿ.

1710ರಲ್ಲಿ ಲೆಬನಾನ್ ಎಂಬ ಹಳ್ಳಿಯಲ್ಲಿ ಹುಟ್ಟಿದರು (ಪಶ್ಚಿಮ ಏಷ್ಯಾದ ಲೆಬನಾನ್ ಅಲ್ಲ). ಹಾರ್ವರ್ಡಿನಲ್ಲಿ ಓದಿ ಪಾದ್ರಿಯಾಗುವುದೆಂದಿತ್ತು. ವ್ಯಾಪಾರ ನೋಡಿಕೊಳ್ಳುತ್ತಿದ್ದ ಅಣ್ಣ 1732ರಲ್ಲಿ ಸಮುದ್ರದ ಪಾಲಾದ. ತಮ್ಮನಾದ ಇವರು ಗಲ್ಲಾದ ಮುಂದೆ ಕೂರಬೇಕಾಯಿತು. ರೈತರಿಂದ ದನ ಕೊಳ್ಳುವುದು, ಉಪ್ಪು ಹಾಕಿದ ಮಾಂಸ ಹಡಗಿಗೆ ಏರಿಸುವುದು, ಇಂಗ್ಲೆಂಡಿನಿಂದ ಸಾಮಾನು ತರಿಸಿ ಅದೇ ರೈತರಿಗೆ ಕಡ ಕೊಡುವುದು. ಕೊಟ್ಟ ಕಡ ಬರಲಿಲ್ಲ, ಕೆಲವು ಹಡಗುಗಳೂ ಬರಲಿಲ್ಲ. 1766ರ ಹೊತ್ತಿಗೆ ದಿವಾಳಿ.

ನನ್ನ ತಂದೆಯವರದ್ದೂ ಕುಂಬಳೆಯಲ್ಲಿ ಅಂಗಡಿ ಇತ್ತು. ಆ ಕಡದ ಪುಸ್ತಕ ಈಗಲೂ ಅಟ್ಟದಲ್ಲಿದೆ: 'ಕುಚ್ಚಲಕ್ಕಿ 4 ಸೇರು, ಚಿಮಿಣಿ ಎಣ್ಣೆ 1 ಬಾಟ್ಲಿ, ಅಡಿಕೆ ಮಾರಿ ಕೊಡುವುದು.' ಎಷ್ಟೋ ಅಡಿಕೆ ಮಾರಿಯಾಯಿತು, ಆ ಸಾಲಿಗೆ ಗೀಟು ಬಿದ್ದಿಲ್ಲ. ಹಾಗಾಗಿ ಟ್ರಂಬುಲ್ ಕಥೆ ಓದುವಾಗ ನಾನು ಸ್ವಲ್ಪ ಅವರ ಕಡೆಗೆ ವಾಲುತ್ತೇನೆ, ಮೊದಲೇ ಹೇಳಿಬಿಡುತ್ತೇನೆ.

ತಮಾಷೆಯೆಂದರೆ, ಅದೇ 1766ರಲ್ಲಿ ಜನ ಅವರನ್ನು ಉಪಗವರ್ನರ್ ಮಾಡಿದರು. ಹಿಂದಿನ ವರ್ಷ ಬ್ರಿಟಿಷರು ಕಾಗದಪತ್ರಗಳ ಮೇಲೆ ಹೇರಿದ ಸ್ಟಾಂಪ್ ತೆರಿಗೆಯನ್ನು ಜಾರಿ ಮಾಡುತ್ತೇನೆಂದು ಗವರ್ನರ್ ಪ್ರಮಾಣ ಮಾಡುವಾಗ ಇವರು ಸಭೆಯಿಂದ ಎದ್ದು ನಡೆದಿದ್ದರು. ಅದನ್ನು ಜನ ಮರೆತಿರಲಿಲ್ಲ. 1769ರಲ್ಲಿ ಗವರ್ನರ್. ನಮ್ಮ ರಾಜಭವನದ ಗವರ್ನರರಂತಲ್ಲ, ಅಲ್ಲಿ ವರ್ಷವರ್ಷ ಚುನಾವಣೆ ಗೆಲ್ಲಬೇಕು. 1784ರವರೆಗೆ ಗೆಲ್ಲುತ್ತಲೇ ಹೋದರು.

1775ರಲ್ಲಿ ಬ್ರಿಟಿಷರ ವಿರುದ್ಧ ಅಮೆರಿಕದ ಸ್ವಾತಂತ್ರ್ಯ ಯುದ್ಧ. ಹದಿಮೂರು ವಸಾಹತುಗಳ ಗವರ್ನರರಲ್ಲಿ ಬಂಡಾಯದ ಪಕ್ಷ ಹಿಡಿದವರು ಇವರೊಬ್ಬರೇ. ಹಳೆಯ ಅಂಗಡಿಯೇ ಯುದ್ಧದ ಕಚೇರಿಯಾಯಿತು. ಆ ಪುಟ್ಟ ಮರದ ಕಟ್ಟಡ ಇಂದಿಗೂ ಇದೆ. ರಕ್ಷಣಾ ಸಮಿತಿ ಅಲ್ಲಿ ನೂರಾರು ಸಲ ಸಭೆ ಸೇರಿ ಹಿಟ್ಟು, ಮಾಂಸ, ಬಟ್ಟೆ, ಮದ್ದುಗುಂಡಿನ ಲೆಕ್ಕ ಹಾಕಿತು. 1778ರ ಚಳಿಗಾಲದಲ್ಲಿ ವ್ಯಾಲಿ ಫೋರ್ಜ್ ಎಂಬ ಬಿಡಾರದಲ್ಲಿ ಬಂಡಾಯದ ಸೇನಾಪತಿ ವಾಷಿಂಗ್ಟನ್ನರ ಸೈನ್ಯ ಹಸಿದು ಕೂತಾಗ ಕನೆಕ್ಟಿಕಟ್‌ನಿಂದ ದನದ ಹಿಂಡನ್ನು ಹಡ್ಸನ್ ನದಿ ದಾಟಿಸಿ ಅಷ್ಟು ದೂರ ನಡೆಸಿಕೊಂಡೇ ಹೋದರು. ಯಾರ ಹಟ್ಟಿಯಲ್ಲಿ ಎಷ್ಟು ದನ, ಯಾರಲ್ಲಿ ಉಪ್ಪು ದಾಸ್ತಾನು, ಗಾಡಿ ಯಾವ ದಾರಿಯಲ್ಲಿ ಹೂತುಹೋಗುತ್ತದೆ – ಮೂವತ್ತು ವರ್ಷ ಅಲ್ಲೇ ದನ ಕೊಂಡು ಮುಳುಗಿದವರಿಗೆ ಇದನ್ನು ಯಾರೂ ಹೇಳಿಕೊಡಬೇಕಿರಲಿಲ್ಲ.

ಆದರೂ ಬಾಯಿಗಳು ಸುಮ್ಮನಿರಲಿಲ್ಲ. ಶತ್ರುವಿನೊಡನೆ ಗುಟ್ಟಾಗಿ ವ್ಯಾಪಾರ ಮಾಡುತ್ತಾರೆಂಬ ಪುಕಾರು ಎದ್ದಿತು. ಅವರೇ ತನಿಖೆ ಕೇಳಿದರು. 1782ರಲ್ಲಿ ಆರೋಪ ಸುಳ್ಳೆಂದು ತೀರ್ಮಾನವಾಯಿತು. 1785ರಲ್ಲಿ ತೀರಿಕೊಂಡರು.

ಇನ್ನು ನಿಮ್ಮ ಅಭ್ಯರ್ಥಿ. ಓಟು ಕೇಳಲು ಬಂದಾಗ ಅಂಗಡಿ ಮುಚ್ಚಿದ್ದು ಯಾಕೆಂದು ಕೇಳಬೇಡಿ. ಆಟಿ ತಿಂಗಳಲ್ಲಿ ಯಾವ ತೋಡಿನ ಸಂಕ ಮುಳುಗುತ್ತದೆ, ಆಚೆ ಬದಿಯಲ್ಲಿ ಎಷ್ಟು ಮನೆ ಇದೆ ಎಂದು ಕೇಳಿ ನೋಡಿ.