ರಾಯಲ್ ಕಾಲುವೆಯ ಮಗ್ಗುಲಲ್ಲೇ ರೈಲು ಹಳಿ ಏಕೆ?

ಐರ್ಲೆಂಡಿನ ಡಬ್ಲಿನ್‌ನಿಂದ ಮಲಿಂಗಾರ್‌ಗೆ ಹೋಗುವ ರೈಲು ಮಾರ್ಗವು ಬಹುದೂರ ರಾಯಲ್ ಕಾಲುವೆಗೆ ಅಂಟಿಕೊಂಡೇ ಸಾಗುವುದು ಕಾಕತಾಳೀಯವೇ ಎಂದು ತಾವು ಕೇಳಿದ್ದೀರಿ. ಖಂಡಿತ ಅಲ್ಲ. 1790ರಲ್ಲಿ ಕೆಲಸ ಆರಂಭವಾಗಿ 1817ರಲ್ಲಿ ಶಾನನ್ ನದಿಯನ್ನು ಮುಟ್ಟಿದ ಈ ಕಾಲುವೆಯನ್ನು ಮಿಡ್‌ಲ್ಯಾಂಡ್ ಗ್ರೇಟ್ ವೆಸ್ಟರ್ನ್ ರೈಲ್ವೆ ಕಂಪನಿಯು 1845ರಲ್ಲಿ ಇಡಿಯಾಗಿ ಕೊಂಡುಕೊಂಡಿತು. ದಡದುದ್ದಕ್ಕೂ ಒಂದೇ ಒಡೆತನದಲ್ಲಿ ಸಿಗುವ ಜಮೀನಿನ ಮೇಲೆ ಅದರ ಕಣ್ಣಿತ್ತು. ಕಾಲುವೆಯನ್ನೇ ಬತ್ತಿಸಿ ತಳದಲ್ಲಿ ಹಳಿ ಹಾಸುವ ಆಲೋಚನೆಯೂ ಇತ್ತಾದರೂ, ದೋಣಿ ಸಂಚಾರವನ್ನು ಉಳಿಸಿಕೊಳ್ಳಬೇಕೆಂಬ ಕಾನೂನಿನ ಕಟ್ಟುಪಾಡಿದ್ದುದರಿಂದ ಹಳಿಗಳು ಪಕ್ಕದಲ್ಲೇ ಸಾಗಿ, 1848ರಲ್ಲಿ ಮಲಿಂಗಾರ್ ತಲುಪಿದವು. ಪ್ರತಿಸ್ಪರ್ಧಿಯ ಕೈಸೇರಿದ ಕಾಲುವೆಯ ಸಾಗಣೆ ಕ್ರಮೇಣ ಕುಗ್ಗಿತು, 1961ರಲ್ಲಿ ಸಂಚಾರಕ್ಕೇ ಅದನ್ನು ಮುಚ್ಚಲಾಯಿತು. ಸ್ವಯಂಸೇವಕರು ದಶಕಗಳ ಕಾಲ ಪಟ್ಟ ಶ್ರಮದಿಂದಾಗಿ 2010ರಲ್ಲಿ ಅದು ಶಾನನ್‌ವರೆಗೂ ಮತ್ತೆ ತೆರೆದದ್ದು, ಈ ಇತಿಹಾಸದಲ್ಲಿ ನನಗೆ ಅತ್ಯಂತ ಸಂತೋಷ ಕೊಡುವ ಸಂಗತಿ.