ಮಣಿ ಕೌಲ್ ಅವರ 'ಸಿದ್ಧೇಶ್ವರಿ' ಸಾಕ್ಷ್ಯಚಿತ್ರ ಹೇಗಾಗುತ್ತದೆ?

ಹಿಂದೂಸ್ತಾನಿ ಸಂಗೀತದ ಭಾವಪ್ರಧಾನ ಪ್ರಕಾರವಾದ ಠುಮ್ರಿಯ ಗಾಯಕಿ ಸಿದ್ಧೇಶ್ವರಿ ದೇವಿಯವರ ಬದುಕನ್ನು ತಿಳಿಯಲೆಂದು ನಿರ್ದೇಶಕ ಮಣಿ ಕೌಲ್ ಅವರ 'ಸಿದ್ಧೇಶ್ವರಿ' (1989) ನೋಡಿದೆ, ಆದರೆ ಆ ಗಾಯಕಿ ಯಾವಾಗ ಏನು ಮಾಡಿದರೆಂಬುದೇ ಸ್ಪಷ್ಟವಾಗಲಿಲ್ಲ, ಇದನ್ನು ಸಾಕ್ಷ್ಯಚಿತ್ರವೆಂದು ಕರೆಯುವುದಾದರೂ ಹೇಗೆ ಎಂದು ಕೇಳಿದ್ದೀರಿ. ಮೊದಲ ಸಲ ನೋಡಿದಾಗ ನನ್ನದೂ ಇದೇ ತಕರಾರಾಗಿತ್ತು. ತೊಡಕಿರುವುದು 'ಸಾಕ್ಷ್ಯ' ಎಂಬ ಪದದಲ್ಲೇ ಎಂದು ಈಗ ಅನ್ನಿಸುತ್ತದೆ. ಸಾಕ್ಷಿ ಹೇಳಲು ನಿಂತವನು ಕಂಡದ್ದನ್ನು ಕಂಡ ಕ್ರಮದಲ್ಲಿಯೇ ಹೇಳಬೇಕು. ನೆನಪಿಗೆ ಆ ಕಟ್ಟುಪಾಡಿಲ್ಲ. ಕೌಲ್ ಹಿಡಿದದ್ದು ನೆನಪಿನ ದಾರಿಯನ್ನು, ಮತ್ತು ಅದರ ನಡಿಗೆಯನ್ನು ಅವರು ಠುಮ್ರಿಯಿಂದಲೇ ಪಡೆದರೆಂಬುದು ನನ್ನ ತಿಳಿವಳಿಕೆ.

ಠುಮ್ರಿಯಲ್ಲಿ 'ಬೋಲ್ ಬನಾವ್' ಎಂಬುದೊಂದಿದೆ. ಗಾಯಕಿ ಸಾಹಿತ್ಯದ ಒಂದೇ ಸಾಲನ್ನು ಹಿಡಿದು, ಅದನ್ನು ಒಮ್ಮೆ ಬೇಡಿಕೆಯಾಗಿ, ಒಮ್ಮೆ ಮುನಿಸಾಗಿ, ಮತ್ತೊಮ್ಮೆ ತನಗೆ ತಾನೇ ಹೇಳಿಕೊಳ್ಳುವ ಮಾತಾಗಿ ಹಾಡುತ್ತಾ ಹೋಗುತ್ತಾಳೆ; ಅಕ್ಷರಗಳು ಅವೇ ಆದರೂ ಪ್ರತಿ ಸಲವೂ ಭಾವ ಬೇರೆಯಾಗಿರುತ್ತದೆ. ಈ ಚಿತ್ರದಲ್ಲಿ ಗಂಗೆಯ ನೀರು, ಕಾಶಿಯ ಇಕ್ಕಟ್ಟಾದ ಗಲ್ಲಿಗಳು ಮರಳಿ ಮರಳಿ ಬರುವುದು ಹಾಗೆಯೇ. ಎಳವೆಯಲ್ಲೇ ತಂದೆತಾಯಿಯರನ್ನು ಕಳೆದುಕೊಂಡು ಚಿಕ್ಕಮ್ಮನ ಆಶ್ರಯದಲ್ಲಿ ಬೆಳೆದ ಹುಡುಗಿಯ ಕತೆಯನ್ನು ಇನ್ನೊಬ್ಬರಾಗಿದ್ದರೆ ಕಣ್ಣೀರಿನ ಪ್ರಸಂಗವಾಗಿ ಬೆಳೆಸುತ್ತಿದ್ದರೇನೋ. ಕೌಲ್ ಅದನ್ನು ಹಾಡಿನ ನಡುವೆ ಕಿವಿಗೆ ಬಿದ್ದ ಮಾತಿನಷ್ಟೇ ಹಗುರವಾಗಿ ಮುಟ್ಟಿ ಮುಂದೆ ಸಾಗುತ್ತಾರೆ.

ನಿಮ್ಮ ಪ್ರಶ್ನೆಗೆ ನೇರ ಉತ್ತರವೆಂದರೆ ಮೀತಾ ವಸಿಷ್ಠ ಅವರ ದೃಶ್ಯ. ಸಿದ್ಧೇಶ್ವರಿಯಾಗಿ ಅಭಿನಯಿಸಿದ ಅವರೇ ಟಿವಿಯ ಮುಂದೆ ಕುಳಿತು, 1977ರಲ್ಲಿ ತೀರಿಕೊಂಡ ನಿಜವಾದ ಸಿದ್ಧೇಶ್ವರಿ ದೇವಿ ಹಾಡುವುದನ್ನು ನೋಡುತ್ತಾರೆ. ಅಲ್ಲಿಯವರೆಗೆ ನಾವು ಗಾಯಕಿಯೆಂದು ಒಪ್ಪಿಕೊಂಡಿದ್ದ ಮುಖ ಒಮ್ಮೆಲೇ ಕೇಳುವವಳ ಮುಖವಾಗುತ್ತದೆ. ದಾಖಲೆ ಎಂಬುದು ಚಿತ್ರದಲ್ಲಿ ಇದ್ದೇ ಇದೆ, ಆದರೆ ಆ ಪುಟ್ಟ ಪರದೆಯೊಳಗೆ; ಉಳಿದದ್ದೆಲ್ಲ ಆ ದನಿಯನ್ನು ಕೇಳಿದವರ ಮನಸ್ಸಿನಲ್ಲಿ ನಡೆದದ್ದು.

ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟ್‌ನಲ್ಲಿ ಋತ್ವಿಕ್ ಘಟಕ್ ಅವರ ವಿದ್ಯಾರ್ಥಿಯಾಗಿದ್ದ ಕೌಲ್, ಮುಂದೆ ರುದ್ರವೀಣೆಯ ಉಸ್ತಾದ್ ಜಿಯಾ ಮೊಹಿಯುದ್ದೀನ್ ಡಾಗರ್ ಅವರಲ್ಲಿ ಹಿಂದೂಸ್ತಾನಿ ಸಂಗೀತದ ಹಳೆಯ, ಗಂಭೀರ ಶೈಲಿಯಾದ ಧ್ರುಪದ್ ಕಲಿತರು. ಆದ್ದರಿಂದ ಸಂಗೀತ ಅವರಿಗೆ ಬರಿಯ ವಸ್ತುವಾಗಿರಲಿಲ್ಲ. ಆ ಗುರುವನ್ನೂ ಗಾಯಕ ಜಿಯಾ ಫರೀದುದ್ದೀನ್ ಡಾಗರ್ ಅವರನ್ನೂ ಕುರಿತ 'ಧ್ರುಪದ್' (1982) ಚಿತ್ರವನ್ನು ಮೊದಲು ನೋಡಿದ್ದರೆ ನಿಮಗೆ ಇಷ್ಟು ಕಷ್ಟವಾಗುತ್ತಿರಲಿಲ್ಲ. ಧ್ರುಪದ್‌ನ ಆಲಾಪದಲ್ಲಿ ತಾಳದ ಆಸರೆಯಿಲ್ಲ. ಒಂದು ಸ್ವರದಿಂದ ಇನ್ನೊಂದಕ್ಕೆ ಮೀಂಡಿನಲ್ಲಿ, ಅಂದರೆ ನಡುವೆ ಕಡಿಯದಂತೆ, ಜಾರುವಾಗ ನಡುವಿನ ಹಾದಿಯೇ ಮುಖ್ಯವಾಗುತ್ತದೆ. ಆ ಚಿತ್ರದಲ್ಲಿ ಕ್ಯಾಮೆರಾವೂ ಅದೇ ಬಿಡುವಿನಲ್ಲಿ ಕಟ್ಟಡಗಳ ನಡುವೆ ಚಲಿಸುತ್ತದೆ, ತಲುಪುವ ಅವಸರ ಅದಕ್ಕಿಲ್ಲ.

ಹಾಗೆಂದು ನಾನು ಕುರುಡು ಭಕ್ತನಲ್ಲ. 'ಸಿದ್ಧೇಶ್ವರಿ' ಕೆಲವೆಡೆ ತನ್ನ ಚೆಲುವಿಗೆ ತಾನೇ ಸೋಲುತ್ತದೆ. ಠುಮ್ರಿಯ ಪರಿಚಯವಿಲ್ಲದವರನ್ನು ಕೈಹಿಡಿದು ಒಳಗೆ ಕರೆದುಕೊಳ್ಳುವ ಸೌಜನ್ಯವೂ ಅದಕ್ಕಿಲ್ಲ. ಗಾಯಕಿಯ ಜೀವನದ ವಿವರಗಳೇ ಬೇಕಿದ್ದರೆ ಒಂದು ಲೇಖನ ಓದುವುದು ಲೇಸು. ಚಿತ್ರವನ್ನು ಇನ್ನೊಮ್ಮೆ ನೋಡುವ ಮನಸ್ಸಿದ್ದರೆ, ಹಿಂದಿನ ದಿನ ಅವರ ಒಂದೆರಡು ಠುಮ್ರಿಗಳನ್ನು ಬೇರೇನೂ ಮಾಡದೆ ಕೂತು ಕೇಳಿ, ಆಮೇಲೆ ನೋಡಿ.